ಕನ್ನಡಿ ಹಿಡಿದವರು ಯಾರು

ಅಪ್ಪನ ಜೊತೆ ಸಾರಕ್ಕಿ ಮಾರ್ಕೆಟ್ಟಿಗೆ ಹೋದರೆ ಅರ್ಧ ಗಂಟೆ ಕೆಲಸಕ್ಕೆ ಒಂದೂವರೆ ಗಂಟೆ ಬೇಕು. ಸೊಪ್ಪು ಆರಿಸೋದರಲ್ಲಿ ತಡ ಆಗಲ್ಲ, ಚೌಕಾಸಿಯಲ್ಲೂ ಅಲ್ಲ. ಹೂವಿನ ಅಂಗಡಿಗಳ ಮೇಲೆ ನೀಲಿ ಟಾರ್ಪಾಲು ಕಟ್ಟಿರ್ತಾರಲ್ಲ, ಅದರಲ್ಲೊಂದು ತೂತಿದೆ. ಬೆಳಿಗ್ಗೆ ಎಂಟರ ಸುಮಾರಿಗೆ ಆ ತೂತಿನಿಂದ ಒಂದು ಬಿಸಿಲುಕೋಲು ಓರೆಯಾಗಿ ಇಳಿದು ಸೇವಂತಿಗೆ ಕುಕ್ಕೆ ಮೇಲೆ ಬೀಳುತ್ತೆ. ಪಕ್ಕದ ಅಂಗಡಿಯವರು ಪೂಜೆ ಮಾಡಿ ಸಾಂಬ್ರಾಣಿ ಹಾಕಿದ್ದರಂತೂ ಮುಗೀತು, ಆ ಹೊಗೆಯಲ್ಲಿ ಕೋಲನ್ನ ಕೈಯಲ್ಲೇ ಹಿಡೀಬಹುದು ಅನ್ನೋಷ್ಟು ಗಟ್ಟಿಯಾಗಿ ಕಾಣುತ್ತೆ. ಅಪ್ಪ ದಾರಿ ಮಧ್ಯದಲ್ಲೇ ನಿಂತುಬಿಡ್ತಾರೆ. ಹಿಂದಿನಿಂದ ಸ್ಕೂಟರಿನವರು ಹಾರ್ನ್ ಹೊಡೀತಾರೆ. ನಾನು ಎರಡೂ ಕೈಯಲ್ಲಿ ಚೀಲ ಹಿಡಿದು ಕಾಯ್ತೀನಿ.

‘ನೋಡು, ಮೂರ್ತಿ ಲೈಟು’ ಅಂತಾರೆ.

ಮೂರ್ತಿ ಅಂದ್ರೆ ನಮ್ಮ ನೆಂಟರಲ್ಲ. ವಿ.ಕೆ. ಮೂರ್ತಿ. ಗುರುದತ್ ಸಿನಿಮಾಗಳ ಕ್ಯಾಮೆರಾಮನ್. ನಮ್ಮನೆಯಲ್ಲಿ ಮಾತ್ರ ಅವರು ಹೆಚ್ಚೂಕಡಿಮೆ ಒಂದು ಅಳತೆಗೋಲು. ಕಿಟಕಿಯಿಂದ ಬಿಸಿಲು ಚೆನ್ನಾಗಿ ಬಂದರೆ ಮೂರ್ತಿ ಲೈಟು. ಮದುವೆ ಛತ್ರದಲ್ಲಿ ಹತ್ತು ಫೋಕಸ್ ಲೈಟು ಹಾಕಿ ಹೆಣ್ಣಿನ ಮುಖವನ್ನ ಹಪ್ಪಳದ ಥರ ಮಾಡಿದ್ದರೆ, ‘ಇವರಿಗೆ ಮೂರ್ತಿ ಹೆಸರೂ ಗೊತ್ತಿಲ್ಲ ಅನ್ಸುತ್ತೆ.’

ಅಪ್ಪ ಸಾರಕ್ಕಿಯಲ್ಲಿ ಫೋಟೋ ಸ್ಟುಡಿಯೋ ಇಟ್ಟಿದ್ದರು. ಎಂಬತ್ತರ ದಶಕದಲ್ಲಿ ಶುರು ಮಾಡಿದ್ದು. ಆಗ ಇದು ಇನ್ನೂ ಮುಕ್ಕಾಲು ಊರು, ಕಾಲು ಬೆಂಗಳೂರು. ಪಾಸ್‌ಪೋರ್ಟ್ ಸೈಜು, ಮದುವೆ ಆಲ್ಬಮ್ಮು, ಹೆಣ್ಣು ತೋರಿಸೋಕೆ ಕಳಿಸೋ ನಿಂತ ಫೋಟೋ. ಒಳಗೊಂದು ಕತ್ತಲೆ ಕೋಣೆ, ಅದರಲ್ಲಿ ಕೆಂಪು ಬಲ್ಬು, ಹೈಪೋ ವಾಸನೆ. ನಾನು ಆ ವಾಸನೆಯಲ್ಲೇ ಮಗ್ಗಿ ಕಲಿತವಳು. ಡಿಜಿಟಲ್ ಬಂತು, ಆಮೇಲೆ ಎಲ್ಲರ ಜೇಬಿಗೂ ಕ್ಯಾಮೆರಾ ಬಂತು, ಅಂಗಡಿ ಮುಚ್ಚಿತು. ಆ ಜಾಗದಲ್ಲಿ ಈಗ ಮೊಬೈಲ್ ಕವರ್ ಮಾರ್ತಾರೆ. ಮಗಳು ಏನು ಕೆಲಸ ಮಾಡ್ತಾಳೆ ಅಂತ ಕೇಳ್ತೀರಾ? ಬನ್ನೇರುಘಟ್ಟ ರಸ್ತೆಯ ಆಫೀಸೊಂದರಲ್ಲಿ ಫೋನ್ ಕ್ಯಾಮೆರಾದ ಸಾಫ್ಟ್‌ವೇರ್ ಟೆಸ್ಟ್ ಮಾಡ್ತಾಳೆ. ಅದರಲ್ಲೂ ನೈಟ್ ಮೋಡ್. ಕತ್ತಲಲ್ಲಿ ತೆಗೆದ ಫೋಟೋದಲ್ಲಿ ಒಂದು ಮೂಲೆಯೂ ಕಪ್ಪಾಗಿ ಉಳೀಬಾರದು, ಉಳಿದರೆ ನಾನು ಬಗ್ ಅಂತ ಬರೆದು ಹಾಕಬೇಕು. ಅಪ್ಪನಿಗೆ ಒಮ್ಮೆ ಎರಡು ಫೋಟೋ ಅಕ್ಕಪಕ್ಕ ಇಟ್ಟು ತೋರಿಸಿದೆ, ಮುಂಚಿನದು ಮತ್ತು ನಾವು ಸರಿ ಮಾಡಿದ್ದು. ತುಂಬಾ ಹೊತ್ತು ನೋಡಿ, ‘ಚೆನ್ನಾಗಿದೆ. ಈ ನೆರಳೆಲ್ಲ ಎಲ್ಲಿಗೆ ಕಳಿಸಿದ್ರಿ?’ ಅಂದರು.

ಕನ್ನಡದ ಹಳೇ ಟೈಟಲ್ ಕಾರ್ಡುಗಳಲ್ಲಿ ‘ಛಾಯಾಗ್ರಹಣ’ ಅಂತ ಬರುತ್ತಲ್ಲ, ಆ ಪದದ ಮೇಲೆ ಅಪ್ಪನಿಗೆ ಬಹಳ ಪ್ರೀತಿ. ಸಿನಿಮಾಟೋಗ್ರಫಿ ಅನ್ನೋದು ಗ್ರೀಕ್ ಬೇರಿನ ಪದ, ಚಲನೆಯನ್ನ ಬರೆಯೋದು ಅಂತ ಅರ್ಥ. ಫೋಟೋಗ್ರಫಿಯೂ ಗ್ರೀಕೇ, ಬೆಳಕಲ್ಲಿ ಬರೆಯೋದು. ನಾವು ಮಾತ್ರ ನೆರಳನ್ನ ಹಿಡಿಯೋದು ಅಂತ ಹೆಸರಿಟ್ಟಿದ್ದೀವಿ. ಈ ಹೆಸರಿಗೆ ಸರಿಯಾಗಿ ಕೆಲಸ ಮಾಡಿದವರು ಮೂರ್ತಿ ಅನ್ನೋದು ಅಪ್ಪನ ವಾದ.

ಮೂರ್ತಿಯವರು ಹುಟ್ಟಿದ್ದು 1923ರಲ್ಲಿ, ಮೈಸೂರಲ್ಲಿ. ಪಿಟೀಲು ನುಡಿಸುತ್ತಿದ್ದವರು. ಸ್ವಾತಂತ್ರ್ಯ ಹೋರಾಟದಲ್ಲಿ ಜೈಲಿಗೂ ಹೋಗಿ ಬಂದವರು. ಕ್ಯಾಮೆರಾ ಕಲಿತದ್ದು ಬೆಂಗಳೂರಲ್ಲಿ, ಕೆ.ಆರ್. ಸರ್ಕಲ್ ಹತ್ತಿರ ಇದೆಯಲ್ಲ, ನಾವೆಲ್ಲ ಎಸ್‌ಜೆಪಿ ಅಂತೀವಿ, ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್, ಅಲ್ಲಿ. 1943ರಲ್ಲಿ ಶುರುವಾದ ಸಂಸ್ಥೆ ಅದು. ಪುಣೆಯ ಇನ್‌ಸ್ಟಿಟ್ಯೂಟ್ ಹುಟ್ಟೋಕೆ ಎಷ್ಟೋ ವರ್ಷ ಮುಂಚೆ, ಇಲ್ಲಿ ಹುಡುಗರು ಲೆನ್ಸು, ಲೈಟು ಅಂತ ಡಿಪ್ಲೊಮಾ ಓದುತ್ತಿದ್ದರು. 1946ರಲ್ಲಿ ಮೂರ್ತಿ ಡಿಪ್ಲೊಮಾ ಹಿಡಿದು ಬಾಂಬೆಗೆ ಹೊರಟರು. ಮುಂದೆ ಗೋವಿಂದ ನಿಹಲಾನಿ ಓದಿದ್ದೂ ಇಲ್ಲೇ, ಓದಿ ಮೂರ್ತಿಯವರಿಗೇ ಅಸಿಸ್ಟೆಂಟ್ ಆದರು. ನಾನು ಎಸ್‌ಜೆಪಿ ಮುಂದೆ ನೂರು ಸಲ ಬಸ್ಸಲ್ಲಿ ಹೋಗಿದ್ದೀನಿ. ಒಂದು ಸಲವೂ ತಲೆ ಎತ್ತಿ ನೋಡಿರಲಿಲ್ಲ.

ಬಾಂಬೆಯಲ್ಲಿ ವರ್ಷಗಟ್ಟಲೆ ಅಸಿಸ್ಟೆಂಟ್. 1951ರ ‘ಬಾಜಿ’ಯಲ್ಲಿ ಕ್ಯಾಮೆರಾಮನ್ ವಿ. ರಾತ್ರಾ, ಮೂರ್ತಿ ಅವರ ಸಹಾಯಕ. ನಿರ್ದೇಶಕನಿಗೂ ಅದು ಮೊದಲ ಸಿನಿಮಾ. ಹಾಡೊಂದರ ಚಿತ್ರೀಕರಣದಲ್ಲಿ ಮೂರ್ತಿ ಒಂದು ಕಷ್ಟದ ಶಾಟ್ ಸೂಚಿಸಿದರು, ಅವಕಾಶ ಸಿಕ್ಕಾಗ ಅದನ್ನ ತಾವೇ ತೆಗೆದೂ ತೋರಿಸಿದರು. ಮುಂದಿನ ಸಿನಿಮಾಕ್ಕೆ ನೀವೇ ಕ್ಯಾಮೆರಾಮನ್ ಅಂದರಂತೆ ಆ ನಿರ್ದೇಶಕ. ಹಾಗೇ ಆಯ್ತು, 1952ರ ‘ಜಾಲ್’. ಆ ನಿರ್ದೇಶಕ ಗುರುದತ್, ಮೂರ್ತಿಗಿಂತ ಎರಡು ವರ್ಷ ಚಿಕ್ಕವನು, ಹುಟ್ಟಿದ್ದು ನಮ್ಮ ಬೆಂಗಳೂರಲ್ಲೇ, ಪಡುಕೋಣೆ ಮನೆತನದ ಹುಡುಗ. ಮೈಸೂರಿನವರೊಬ್ಬರು, ಬೆಂಗಳೂರಲ್ಲಿ ಹುಟ್ಟಿದವರೊಬ್ಬರು, ಇಬ್ಬರೂ ಬಾಂಬೆಯಲ್ಲಿ ಸಿಕ್ಕಿ ಹಿಂದಿ ಸಿನಿಮಾದ ಬೆಳಕನ್ನೇ ಬದಲಾಯಿಸಿದರು.

‘ಆರ್ ಪಾರ್’, ‘ಮಿಸ್ಟರ್ ಅಂಡ್ ಮಿಸೆಸ್ 55’, ‘ಸಿ.ಐ.ಡಿ.’ ಇವೆಲ್ಲ ಒಂದು ತೂಕ. 1957ರ ‘ಪ್ಯಾಸಾ’ ಇನ್ನೊಂದು. ಸತ್ತುಹೋದ ಅಂತ ಎಲ್ಲರೂ ನಂಬಿದ ಕವಿ ತನ್ನದೇ ಶ್ರದ್ಧಾಂಜಲಿ ಸಭೆಯ ಬಾಗಿಲಲ್ಲಿ ಬಂದು ನಿಲ್ಲೋ ದೃಶ್ಯ ನೆನಪಿದೆಯಾ? ಹಿಂದಿನಿಂದ ಬೆಳಕು, ಮುಖ ಕತ್ತಲು, ಎರಡೂ ಕೈ ಚಾಚಿದ ಆಕೃತಿ ಮಾತ್ರ. ನಾಯಕನ ಮುಖವನ್ನೇ ಕಾಣಿಸದೆ ಕ್ಲೈಮ್ಯಾಕ್ಸ್ ಶುರು ಮಾಡೋದು ಅಂದ್ರೆ! ನಮ್ಮ ಟೀಮಿಗೆ ಈ ಫ್ರೇಮ್ ಕೊಟ್ಟರೆ ‘ಫೇಸ್ ಅಂಡರ್‌ಎಕ್ಸ್‌ಪೋಸ್ಡ್’ ಅಂತ ಐದು ನಿಮಿಷದಲ್ಲಿ ಬಗ್ ಹಾಕ್ತೀವಿ. 1962ರ ‘ಸಾಹಿಬ್ ಬೀಬಿ ಔರ್ ಗುಲಾಮ್’ನಲ್ಲಿ ಒಂದು ಮುಜ್ರಾ ಇದೆ. ನಡುವಿನ ನರ್ತಕಿಗೆ ಮಾತ್ರ ಬೆಳಕು, ಸುತ್ತ ಕುಣಿಯೋ ಹುಡುಗಿಯರೆಲ್ಲ ನೆರಳು. ಅವರು ಎಷ್ಟು ಹತ್ತಿರ ಬಂದರೂ ಅವರ ಮುಖಕ್ಕೆ ಬೆಳಕು ತಾಗಲ್ಲ. ನಾನು ಆ ಹಾಡನ್ನ ನಿಲ್ಲಿಸಿ ನಿಲ್ಲಿಸಿ ನೋಡಿದ್ದೀನಿ, ಆಫೀಸ್ ಬುದ್ಧಿ. ಎಲ್ಲೂ ಸೋರಿಲ್ಲ.

ಆದರೆ ಅಪ್ಪನ ಪಾಲಿಗೆ ಇದ್ಯಾವುದೂ ಅಲ್ಲ. ಅಪ್ಪನದು ಒಂದೇ ದೃಶ್ಯ, 1959ರ ‘ಕಾಗಜ್ ಕೆ ಫೂಲ್’. ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ಖಾಲಿ ಸ್ಟುಡಿಯೋ, ಕತ್ತಲು, ನಿರ್ದೇಶಕ ಮತ್ತು ನಟಿ ದೂರ ದೂರ ನಿಂತಿದ್ದಾರೆ. ನಡುವೆ ಮೇಲಿನಿಂದ ಒಂದು ದೊಡ್ಡ ಬಿಸಿಲುಕೋಲು ಇಳಿದಿದೆ. ದೂಳು ಅದರೊಳಗೆ ತೇಲ್ತಾ ಇದೆ. ಗೀತಾ ದತ್ ಹಾಡು. ಬೇರೆ ಏನೂ ನಡೆಯಲ್ಲ. ಎಂಬತ್ತರ ದಶಕದಲ್ಲಿ ದೂರದರ್ಶನದಲ್ಲಿ, ಸಣ್ಣ ಟಿ.ವಿ.ಯಲ್ಲಿ, ಸಿನಿಮಾಸ್ಕೋಪಿನ ಎರಡೂ ಅಂಚು ಕತ್ತರಿಸಿಹೋದ ಪ್ರಿಂಟಲ್ಲಿ ಅದನ್ನ ನೋಡಿ ಅಪ್ಪ ಆ ರಾತ್ರಿ ನಿದ್ದೆ ಮಾಡಲಿಲ್ಲವಂತೆ. ಸ್ಟುಡಿಯೋ ದೀಪಗಳಲ್ಲಿ ಅಂಥ ಕೋಲು ಬರಲ್ಲ ಅನ್ನೋದು ಅಪ್ಪನಿಗೆ ಗೊತ್ತು. ದೀಪ ಹತ್ತಿರ ಇರುತ್ತೆ, ಅದರ ಕಿರಣ ಹರಡಿಕೊಳ್ಳುತ್ತೆ. ಸೂರ್ಯ ದೂರ ಇರೋದರಿಂದಲೇ ಅವನ ಕಿರಣ ಅಂಚು ಬಿಡದೆ ನೆಟ್ಟಗೆ ಬರೋದು. ಹಾಗಾದ್ರೆ ಇದು ನಿಜವಾದ ಬಿಸಿಲೇ! ಆದ್ರೆ ಒಳಗೆ ಹೇಗೆ ಬಂತು?

ಉತ್ತರ ಗೊತ್ತಾಗೋಕೆ ಅಪ್ಪನಿಗೆ ಇಪ್ಪತ್ತು ವರ್ಷ ಹಿಡೀತು. ಮೂರ್ತಿಯವರೇ ಸಂದರ್ಶನಗಳಲ್ಲಿ ಹೇಳಿದ್ದಾರೆ: ಎರಡು ದೊಡ್ಡ ಕನ್ನಡಿ. ಒಂದನ್ನ ಹೊರಗೆ ಬಿಸಿಲಲ್ಲಿಟ್ಟು ಸೂರ್ಯನನ್ನ ಸ್ಟುಡಿಯೋ ಒಳಗೆ ತಿರುಗಿಸಿದರು. ಇನ್ನೊಂದನ್ನ ಒಳಗೆ ಎತ್ತರದಲ್ಲಿಟ್ಟು ಆ ಬೆಳಕನ್ನ ಕೆಳಗೆ ಇಳಿಸಿದರು. ಅಷ್ಟೇ. ಅದಕ್ಕೊಂದಿಷ್ಟು ಹೊಗೆ. ಆ ಚಿತ್ರಕ್ಕೆ ಅವರಿಗೆ ಫಿಲ್ಮ್‌ಫೇರ್ ಬಂತು. ಚಿತ್ರ ಮಾತ್ರ ನೆಲಕಚ್ಚಿತು. ಆಮೇಲೆ ಗುರುದತ್ ಹೆಸರು ನಿರ್ದೇಶಕ ಅಂತ ಮತ್ತೆ ತೆರೆ ಮೇಲೆ ಬರಲೇ ಇಲ್ಲ. ಉಮಾ ರಾವ್ ಅವರು ಮೂರ್ತಿಯವರ ಬಗ್ಗೆ ಕನ್ನಡದಲ್ಲಿ ಬರೆದ ಪುಸ್ತಕದ ಹೆಸರೇ ‘ಬಿಸಿಲು ಕೋಲು’. ನಮ್ಮನೆ ಪ್ರತಿಗೆ ಅಪ್ಪ ಕಂದು ಕಾಗದದ ಬೈಂಡ್ ಹಾಕಿದ್ದಾರೆ, ನನ್ನ ಸ್ಕೂಲ್ ಪುಸ್ತಕಕ್ಕೆ ಹಾಕ್ತಿದ್ದ ಹಾಗೆ.

ಕನ್ನಡಿ ವಿಷಯ ಕೇಳಿ ಅಪ್ಪನಿಗೆ ಆದ ಖುಷಿ ನೋಡಬೇಕಿತ್ತು. ಯಾಕೆಂದ್ರೆ ಅವರೂ ಅದನ್ನೇ ಮಾಡಿದ್ದರು. ಮದುವೆ ಫೋಟೋಗೆ ಹೋದಾಗ ಕರೆಂಟು ಹೋಗೋದು ಆಗ ಮಾಮೂಲಿ. ಫ್ಲಾಶ್ ಹೊಡೆದರೆ ಹುಡುಗಿ ಮುಖ ಸುಣ್ಣ ಬಳಿದ ಗೋಡೆ ಥರ ಕಾಣುತ್ತೆ ಅಂತ ಅಪ್ಪನಿಗೆ ಬೇಜಾರು. ಯಾಶಿಕಾ ಕ್ಯಾಮೆರಾ, ರೋಲಿಗೆ ಹನ್ನೆರಡೇ ಫೋಟೋ, ಕೆಡಿಸೋ ಹಾಗಿಲ್ಲ. ಅದಕ್ಕೆ ಡ್ರೆಸ್ಸಿಂಗ್ ಟೇಬಲ್ಲಿನ ಕನ್ನಡಿ ಬಿಚ್ಚಿಕೊಂಡು ಹೋಗೋದು, ಅಂಗಳದಲ್ಲಿ ಒಬ್ಬರು ಹಿಡಿದು ನಿಲ್ಲೋದು, ಬಿಸಿಲನ್ನ ಒಳಗೆ ಗೋಡೆ ಮೇಲೆ ಬೀಳಿಸೋದು. ಗೋಡೆಯಿಂದ ಬಂದ ಮೆತ್ತಗಿನ ಬೆಳಕಲ್ಲಿ ಹುಡುಗಿ ಫೋಟೋ. ಸಾರಕ್ಕಿಯ ಎಷ್ಟೋ ಮನೆ ಗೋಡೆಗಳ ಮೇಲೆ ಆ ಫೋಟೋಗಳು ಈಗಲೂ ಇವೆ. ಒಂದೊಂದರಲ್ಲೂ ಹುಡುಗಿ ಏನೋ ಗುಟ್ಟು ಕೇಳಿಸಿಕೊಳ್ತಾ ಇರೋ ಥರ ಕಾಣ್ತಾಳೆ.

ಹಾಗಾಗಿ ಅಪ್ಪನಿಗೆ ಮೂರ್ತಿಯವರನ್ನ ಕೇಳೋಕೆ ಒಂದೇ ಒಂದು ಪ್ರಶ್ನೆ ಇತ್ತು. ಸೂರ್ಯ ನಿಲ್ಲಲ್ಲ. ನಾನು ಲೆಕ್ಕ ಹಾಕಿಕೊಟ್ಟೆ: ನಾಲ್ಕು ನಿಮಿಷಕ್ಕೆ ಒಂದು ಡಿಗ್ರಿ ಸರೀತಾನೆ, ಕನ್ನಡಿಯಿಂದ ಬಂದ ಕೋಲೂ ಅಷ್ಟೇ ಸರಿಯುತ್ತೆ. ಅರವತ್ತು ಅಡಿ ದೂರದಲ್ಲಿ ಅದು ಸುಮಾರು ಒಂದು ಅಡಿ. ಅಂದ್ರೆ ಲೈಟು ಸರಿಮಾಡಿ, ರಿಹರ್ಸಲ್ ಮಾಡಿ, ನಟರನ್ನ ಗುರುತಿನ ಮೇಲೆ ನಿಲ್ಲಿಸಿ ‘ಸ್ಟಾರ್ಟ್’ ಅನ್ನೋಷ್ಟರಲ್ಲಿ ಕೋಲು ಜಾಗ ಬಿಟ್ಟಿರುತ್ತೆ. ಯಾರೋ ಒಬ್ಬರು ಬಿಸಿಲಲ್ಲಿ ನಿಂತು ಕನ್ನಡಿಯನ್ನ ಕೂದಲೆಳೆಯಷ್ಟು ತಿರುಗಿಸ್ತಾನೇ ಇರಬೇಕು, ಒಳಗೇನಾಗ್ತಿದೆ ಅಂತ ಕಾಣದೆ. ‘ಅದನ್ನ ಹಿಡಿದವರು ಯಾರು? ಎಷ್ಟು ಹೊತ್ತಿಗೊಂದು ಸಲ ತಿರುಗಿಸಿದರು? ಅದೊಂದು ಕೇಳಬೇಕು’ ಅಂತ ಅಪ್ಪ.

2010ರ ಜನವರಿಯಲ್ಲಿ ಪೇಪರಲ್ಲಿ ಬಂತು, 2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ವಿ.ಕೆ. ಮೂರ್ತಿಗೆ. ಛಾಯಾಗ್ರಾಹಕರೊಬ್ಬರಿಗೆ ಆ ಪ್ರಶಸ್ತಿ ಬಂದದ್ದು ಅದೇ ಮೊದಲು. ಅವರಿಗಾಗ 86. ಅಪ್ಪ ಸ್ವೀಟ್ ತಂದರು, ಪಕ್ಕದ ಮನೆಯವರು ನನಗೆ ಗಂಡು ಗೊತ್ತಾಯ್ತು ಅಂದುಕೊಂಡರು. ಅದಕ್ಕಿಂತ ದೊಡ್ಡ ಸುದ್ದಿ ಅಂದ್ರೆ ಮೂರ್ತಿಯವರು ಬಾಂಬೆಯಲ್ಲಿಲ್ಲ, ಬೆಂಗಳೂರಲ್ಲೇ ಇದ್ದಾರೆ, ಅದೂ ಶಂಕರಪುರದಲ್ಲಿ! ಸಾರಕ್ಕಿಯಿಂದ ಶಂಕರಪುರ ಎಷ್ಟು ದೂರ? ಬನಶಂಕರಿ ದೇವಸ್ಥಾನ ದಾಟಿ, ಸೌತ್ ಎಂಡ್ ಸರ್ಕಲ್ ಮೇಲೆ ಬಸವನಗುಡಿಗೆ ಹೋದರೆ ಅಲ್ಲೇ. ನಾವು ಗಾಂಧಿ ಬಜಾರಿಗೆ ಹೋಗ್ತಿದ್ದ ದಾರಿ. ‘ಒಂದು ಭಾನುವಾರ ಹೋಗಿಬರೋಣ, ನೀನೂ ಬಾ, ನನಗೆ ಒಬ್ಬನಿಗೇ ಮಾತು ಹೊರಡಲ್ಲ’ ಅಂದರು ಅಪ್ಪ.

ನಾನು ‘ಹೋಗೋಣ’ ಅಂದೆ. ಆಗ ನನಗೆ ಹೊಸ ಕೆಲಸ. ಭಾನುವಾರ ಅಂದ್ರೆ ಮಲಗೋಕೆ ಇರೋ ದಿನ. ಆಮೇಲೆ ಒಂದು ರಿಲೀಸು. ಆಮೇಲೆ ಕನಕಪುರ ರಸ್ತೆಯನ್ನ ಮೆಟ್ರೋಗೆ ಅಗೆದರು, ಸಾರಕ್ಕಿ ಸಿಗ್ನಲ್ ದಾಟೋಕೇ ಅರ್ಧ ಗಂಟೆ. ಅಪ್ಪ ಎರಡು ತಿಂಗಳಿಗೊಮ್ಮೆ ನೆನಪು ಮಾಡೋರು, ನಾನು ಮುಂದಿನ ವಾರ ಅನ್ನೋಳು. ಒಬ್ಬರೇ ಹೋಗಬಹುದಿತ್ತು. ಹೋಗಲಿಲ್ಲ.

ಆ ನಡುವೆ ಒಂದು ಸಂಜೆ ಬನಶಂಕರಿ ಎರಡನೇ ಹಂತದ ಸುಚಿತ್ರದಲ್ಲಿ ‘ಜೋರ್ಬಾ ದ ಗ್ರೀಕ್’ ನೋಡಿದೆ. 1964ರ ಕಪ್ಪುಬಿಳುಪು ಚಿತ್ರ, ನಿರ್ದೇಶಕ ಮೈಕಲ್ ಕಕೊಯಾನಿಸ್. ಕೊನೆಯಲ್ಲಿ ಇಬ್ಬರು ಗಂಡಸರು ಸಮುದ್ರದ ದಂಡೆಯಲ್ಲಿ ಕುಣೀತಾರಲ್ಲ, ಅದೇ ಚಿತ್ರ. ಮನೆಗೆ ಬಂದು ಇದನ್ನ ತೆಗೆದವರು ಯಾರು ಅಂತ ಹುಡುಕಿದೆ (ಇದು ಅಪ್ಪ ಹಚ್ಚಿದ ಚಟ). ವಾಲ್ಟರ್ ಲಾಸಲಿ. ಗ್ರೀಕರೇ ಅಲ್ಲ. 1926ರಲ್ಲಿ ಬರ್ಲಿನ್‌ನಲ್ಲಿ ಹುಟ್ಟಿ, ಹಿಟ್ಲರನ ಕಾಲದಲ್ಲಿ ಮನೆಯವರ ಜೊತೆ ಇಂಗ್ಲೆಂಡಿಗೆ ಓಡಿಬಂದ ಹುಡುಗ. ಐವತ್ತರ ದಶಕದಲ್ಲಿ ಕಕೊಯಾನಿಸ್ ಕರೆದ ಮೇಲೆ ಗ್ರೀಸಿಗೆ ಹೋದರು. ‘ಎ ಗರ್ಲ್ ಇನ್ ಬ್ಲ್ಯಾಕ್’, ‘ಎಲೆಕ್ಟ್ರಾ’, ಆಮೇಲೆ ‘ಜೋರ್ಬಾ’. ಆ ಚಿತ್ರಕ್ಕೆ ಆಸ್ಕರ್ ಬಂತು. ನಮ್ಮ ದೇಶಕ್ಕೂ ಬಂದು ‘ಹೀಟ್ ಅಂಡ್ ಡಸ್ಟ್’ ತೆಗೆದರು. ವಯಸ್ಸಾದ ಮೇಲೆ ಎಲ್ಲಿಗೆ ಹೋದರು ಗೊತ್ತಾ? ಕ್ರೀಟ್ ದ್ವೀಪದ ಸ್ಟಾವ್ರೋಸ್ ಅನ್ನೋ ಹಳ್ಳಿಗೆ, ಅದೇ ಕುಣಿತ ತೆಗೆದ ಕಡಲತಡಿಗೆ. ಆಸ್ಕರನ್ನ ತಮ್ಮ ಮನೆ ಶೋಕೇಸಲ್ಲಿಟ್ಟುಕೊಳ್ಳದೆ ಅಲ್ಲಿಯ ಹೋಟೆಲೊಂದಕ್ಕೆ ಕೊಟ್ಟುಬಿಟ್ಟರು. ಊಟಕ್ಕೆ ಬಂದವರೆಲ್ಲ ಅದನ್ನ ನೋಡೋರು. 2012ರಲ್ಲಿ ಆ ಹೋಟೆಲಿಗೆ ಬೆಂಕಿ ಬಿದ್ದು ಆಸ್ಕರೂ ಹೋಯ್ತು.

ಅಪ್ಪನಿಗೆ ಹೇಳಿದೆ. ಹೊಟ್ಟೆ ಹಿಡಿದು ನಕ್ಕರು. ‘ಎಷ್ಟಾದ್ರೂ ಕ್ಯಾಮೆರಾಮನ್ ಪ್ರಶಸ್ತಿ, ಲೈಟು ಜಾಸ್ತಿ ಆಯ್ತು.’ ಆಮೇಲೆ ಸ್ವಲ್ಪ ಹೊತ್ತು ಬಿಟ್ಟು, ‘ಅವರಿದ್ದ ಊರಿನ ಜನಕ್ಕೆ ಅವರು ಗೊತ್ತಿತ್ತಲ್ಲ’ ಅಂದರು.

ಮೂರ್ತಿಯವರ ಮಿಕ್ಕ ವೃತ್ತಿಜೀವನದ ಬಗ್ಗೆ ಯಾರೂ ಮಾತಾಡಲ್ಲ, ಅದು ನನಗೆ ಆಗಾಗ ಕಾಡುತ್ತೆ. 1964ರ ಅಕ್ಟೋಬರಲ್ಲಿ ಗುರುದತ್ ಹೋದಾಗ ಮೂರ್ತಿಗೆ ನಲವತ್ತು. ಯಾವ ಚಿತ್ರಗಳಿಂದ ಇವತ್ತಿಗೂ ಅವರ ಹೆಸರಿದೆಯೋ ಅವೆಲ್ಲ ಮುಗಿದು ಎರಡು ವರ್ಷ ಆಗಿತ್ತು. ಆದ್ರೆ ಅವರು ಇನ್ನೂ ಮೂವತ್ತು ವರ್ಷ ಕೆಲಸ ಮಾಡಿದರು! ಪ್ರಮೋದ್ ಚಕ್ರವರ್ತಿಯ ‘ಜಿದ್ದಿ’, ‘ಲವ್ ಇನ್ ಟೋಕಿಯೋ’, ‘ನಯಾ ಜಮಾನಾ’, ‘ಜುಗ್ನು’. ಬಣ್ಣದ ಸಿನಿಮಾ, ಜೋರು ಹಾಡು, ಎಲ್ಲ ಕಡೆ ಬೆಳಕೋ ಬೆಳಕು. ಅವೂ ಚೆನ್ನಾಗಿ ಓಡಿದವು. ಆಮೇಲೆ ಟಿ.ವಿ.: ಹಳೇ ಶಿಷ್ಯ ನಿಹಲಾನಿಯ ‘ತಮಸ್’, ಶ್ಯಾಮ್ ಬೆನೆಗಲ್ಲರ ‘ಭಾರತ್ ಏಕ್ ಖೋಜ್’. ಕೊನೆಗೆ 1993ರಲ್ಲಿ ಒಂದೇ ಒಂದು ಕನ್ನಡ ಚಿತ್ರ, ರಾಜೇಂದ್ರಸಿಂಗ್ ಬಾಬು ಅವರ ‘ಹೂವು ಹಣ್ಣು’, ತ್ರಿವೇಣಿಯವರ ಕಾದಂಬರಿ. ನಮ್ಮ ಆಫೀಸಲ್ಲಿ ಮೂವತ್ತೈದಾದವರು ತಮ್ಮ ಒಳ್ಳೇ ಕಾಲ ಮುಗೀತು ಅಂತ ಗಾಬರಿಯಲ್ಲಿ ಹೊಸ ಕೋರ್ಸಿಗೆ ಸೇರ್ತಾರೆ, ನಾನೂ ಎರಡಕ್ಕೆ ಸೇರಿ ಅರ್ಧಕ್ಕೆ ಬಿಟ್ಟಿದ್ದೀನಿ. ‘ಪ್ಯಾಸಾ’ ತೆಗೆದ ಕೈಯಲ್ಲಿ ‘ಜುಗ್ನು’ಗೆ ಲೈಟು ಮಾಡುವಾಗ ಅವರಿಗೆ ಏನನ್ನಿಸ್ತಿತ್ತು? ಅಪ್ಪನಿಗೆ ಈ ಪ್ರಶ್ನೆಯೇ ಅರ್ಥ ಆಗಲ್ಲ. ‘ಏನನ್ನಿಸುತ್ತೆ? ಬೆಳಿಗ್ಗೆ ಹೋಗಿ ಲೈಟು ಮಾಡೋದು, ಸಂಜೆ ಬರೋದು. ನಾನು ದಿನಾ ಮದುಮಗಳ ಫೋಟೋನೇ ತೆಗೀತಿದ್ನಾ? ಪಾಸ್‌ಪೋರ್ಟ್ ಸೈಜೇ ಜಾಸ್ತಿ.’

2014ರ ಏಪ್ರಿಲ್ 7ರಂದು ಮೂರ್ತಿಯವರು ಶಂಕರಪುರದ ಮನೆಯಲ್ಲಿ ತೀರಿಕೊಂಡರು, ತೊಂಬತ್ತು ವರ್ಷ. ಅಪ್ಪ ನನಗೆ ಒಂದು ಮಾತೂ ಅನ್ನಲಿಲ್ಲ. ಅಂದಿದ್ದರೆ ಒಳ್ಳೇದಿತ್ತು. ಪೇಪರಲ್ಲಿ ಬಂದ ಫೋಟೋ ಕತ್ತರಿಸಿ ‘ಬಿಸಿಲು ಕೋಲು’ ಪುಸ್ತಕದೊಳಗಿಟ್ಟರು. ಮೂರು ವರ್ಷ ಆದ ಮೇಲೆ ಮೆಟ್ರೋ ಬಂತು. ಜೆ.ಪಿ. ನಗರ ಸ್ಟೇಷನ್ನಲ್ಲಿ ಹತ್ತಿದರೆ ಬನಶಂಕರಿ, ಆರ್.ವಿ. ರೋಡ್, ಜಯನಗರ, ಸೌತ್ ಎಂಡ್, ಲಾಲ್‌ಬಾಗ್, ನ್ಯಾಷನಲ್ ಕಾಲೇಜು. ಇಳಿದು ಒಂದಿಷ್ಟು ನಡೆದರೆ ಶಂಕರಪುರ. ಎಲ್ಲ ಸೇರಿ ಅರ್ಧ ಗಂಟೆ.

ಹೋದ ತಿಂಗಳು ಒಂದು ಭಾನುವಾರ ಲ್ಯಾಪ್‌ಟಾಪಿನಲ್ಲಿ ಆ ಹಾಡು ಹಾಕಿದ್ದೆ, ಸಿನಿಮಾಸ್ಕೋಪಿನ ಪೂರ್ತಿ ಅಗಲದಲ್ಲಿ. ಅಪ್ಪ ಕನ್ನಡಕ ಹಣೆಗೇರಿಸಿ ನೋಡ್ತಾ ಇದ್ದರು. ಅಮ್ಮ ನೆಲದಲ್ಲಿ ಕೂತು ಅವರೆಕಾಳು ಹಿತುಕುತ್ತಾ ಇದ್ದಳು. ಬಿಸಿಲುಕೋಲು ಬಂತು. ಅಪ್ಪ ಎಂದಿನ ಹಾಗೆ, ‘ಅದನ್ನ ಹಿಡಿದವರು ಯಾರೋ, ಹೇಗೆ ತಿರುಗಿಸಿದರೋ, ಕೇಳೋಕಾಗಲೇ ಇಲ್ಲ’ ಅಂದರು. ನಾನು ಲ್ಯಾಪ್‌ಟಾಪನ್ನೇ ನೋಡ್ತಾ ಕೂತೆ.

‘ಹೇಗೆ ಅಂದ್ರೆ? ಬಿಸಿಲು ನೋಡ್ಕೊಂಡು ತಿರುಗಿಸಿದರೆ ಕಣ್ಣು ಹೋಗುತ್ತೆ’ ಅಂದಳು ಅಮ್ಮ, ತಲೆ ಎತ್ತದೆ. ‘ನೆಲ ನೋಡ್ಕೊಂಡು ತಿರುಗಿಸ್ಬೇಕು. ಕನ್ನಡಿ ನೆರಳು ನೆಲದ ಮೇಲೆ ಬಿದ್ದಿರುತ್ತಲ್ಲ, ಅದರ ಅಂಚಿಗೆ ಸರಿಯಾಗಿ ಹೆಬ್ಬೆರಳು ಊರ್ಕೋಬೇಕು. ನೆರಳು ಹೆಬ್ಬೆರಳು ಬಿಟ್ಟು ಸರೀತಾ, ಇಷ್ಟೇ ಇಷ್ಟು ತಿರುಗಿಸೋದು. ಕೆಳಗಡೆ ಒಂದು ಬಟ್ಟೆ ಮಡಿಸಿ ಇಟ್ಕೋಬೇಕು, ಇಲ್ಲಾಂದ್ರೆ ಕೈ ನಡುಗಿ ಒಳಗೆ ಗೋಡೆ ಮೇಲೆ ಬಿಸಿಲು ಕುಣಿಯುತ್ತೆ. ನೀನು ಹೊಟ್ಟೇಲಿದ್ದಾಗಲೂ ಹಿಡಿದಿದ್ದೀನಿ. ಅಂಗಾಲು ಸುಟ್ಟುಹೋಗ್ತಿತ್ತು.’

ಅಂಗಳದಲ್ಲಿ ಒಬ್ಬರು ಹಿಡಿದು ನಿಲ್ಲೋದು ಅಂತ ಅಪ್ಪ ಯಾವಾಗಲೂ ಹೇಳ್ತಿದ್ದದ್ದು. ಆ ಒಬ್ಬರು ಅಂಗಡಿ ಹುಡುಗ ಅಂತಲೇ ನಾನು ಇಷ್ಟು ದಿನ ಅಂದುಕೊಂಡಿದ್ದೆ.

ಅಪ್ಪ ಕನ್ನಡಕ ಕೆಳಗಿಳಿಸಿದರು. ಹಾಡು ಮುಗಿದಿತ್ತು. ‘ಎಷ್ಟು ಹೊತ್ತಿಗೊಂದು ಸಲ ತಿರುಗಿಸ್ತಿದ್ದೆ?’ ಅಂತ ಕೇಳಿದರು.

‘ನಿಮ್ಮ ಒಂದು ಫೋಟೋಗೆ ಎರಡು ಸಲ. ನಿಮ್ಮ ಫೋಕಸ್ಸೇ ಮುಗೀತಿರಲಿಲ್ಲವಲ್ಲ’ ಅಂತ ಅಮ್ಮ ಸಿಪ್ಪೆ ಒಂದು ಕಡೆ, ಕಾಳು ಒಂದು ಕಡೆ ಮಾಡಿಕೊಂಡು ಎದ್ದಳು.